ಮೂಕಸಾಕ್ಷಿ: ಯೂರಿಪಿಡೀಸನಿಂದ ನಂಜುಂಡ ಕವಿಯವರೆಗೆ

(ಪಿರಿಯಾಪಟ್ಟಣದಲ್ಲಿ ನೀಡಿದ ದತ್ತಿ ಉಪನ್ಯಾಸದ ಪಠ್ಯ)



ಆಹ್ವಾನ ಪತ್ರಿಕೆಯಲ್ಲಿ ‘ಪ್ರಾಚೀನ ಗ್ರೀಕ್ ಮತ್ತು ಲ್ಯಾಟಿನ್ ಸಾಹಿತ್ಯದಲ್ಲಿ ಭಾಷೆ, ವಾಗ್ಮಿತೆ, ಕಥನತಂತ್ರ’ ಎಂದು ಅಚ್ಚಾಗಿದೆ. ಇಷ್ಟು ದೊಡ್ಡ ವಿಷಯವನ್ನು ಒಂದು ಸಂಜೆಗೆ ಹಿಡಿಸಲು ಹೋದರೆ ಕವಿಗಳ ಹೆಸರು, ಕೃತಿಗಳ ಹೆಸರು ಓದಿ ವೇದಿಕೆ ಇಳಿಯಬೇಕಾಗುತ್ತದೆ. ಹಾಗೆ ಮಾಡದೆ ಒಂದೇ ಕಥೆಯನ್ನು ಹಿಡಿದುಕೊಳ್ಳುತ್ತೇನೆ. ಮಲತಾಯಿ ಮಗನನ್ನು ಬಯಸುತ್ತಾಳೆ, ಅವನು ಒಲ್ಲೆನೆನ್ನುತ್ತಾನೆ, ಅವಳು ಗಂಡನ ಮುಂದೆ ಅವನ ಮೇಲೆಯೇ ಅಪವಾದ ಹೊರಿಸುತ್ತಾಳೆ. ಗ್ರೀಕಿನಲ್ಲಿ ಇದು ಫೀಡ್ರಾ ಮತ್ತು ಹಿಪ್ಪಾಲಿಟಸರ ಕಥೆ. ನಮ್ಮಲ್ಲಿ ರತ್ನಾಜಿ ಮತ್ತು ಕುಮಾರರಾಮರ ಕಥೆ. ಈ ಎರಡನೆಯದನ್ನು ಸಾಂಗತ್ಯದಲ್ಲಿ ಹಾಡಿದ ನಂಜುಂಡ ಕವಿ ಪಿರಿಯಾಪಟ್ಟಣ, ನಂಜರಾಯಪಟ್ಟಣಗಳಿಂದ ಆಳಿದ ಚಂಗಾಳ್ವರ ವಂಶದವನು. ಅವನ ‘ರಾಮನಾಥ ಚರಿತೆ’ಯ ಕಾಲ ಸುಮಾರು 1525.

ಈ ಸೀಮೆಗೂ ಗ್ರೀಕರಿಗೂ ಎಲ್ಲಿಯ ನಂಟು ಎಂದು ಕೇಳುವವರಿರುತ್ತಾರೆ. ನಂಟು ಇದೆ, ಆದರೆ ಅದು ಕಾವ್ಯದ್ದಲ್ಲ. ಕ್ರಿ.ಶ. 2ನೆಯ ಶತಮಾನದ ಟಾಲೆಮಿ ತನ್ನ ಭೂಗೋಳ ಗ್ರಂಥದಲ್ಲಿ ಬೆರಿಲ್ ಹರಳು ಸಿಗುವ ಜಾಗವೆಂದು ಪೌನ್ನಾಟವನ್ನು ಹೆಸರಿಸಿದ್ದಾನೆ. ಅದನ್ನು ವಿದ್ವಾಂಸರು ಪುನ್ನಾಟ ರಾಜ್ಯವೆಂದು ಗುರುತಿಸಿದ್ದಾರೆ. ಪುನ್ನಾಟದ ರಾಜಧಾನಿ ಕೀರ್ತಿಪುರವೇ ಎಚ್.ಡಿ. ಕೋಟೆ ತಾಲ್ಲೂಕಿನ ಕಬಿನಿ ದಂಡೆಯ ಕಿತ್ತೂರು. ನಮ್ಮ ಹರಳು ರೋಮಿನ ಉಂಗುರಗಳಿಗೆ ಹೋಗಿರಬಹುದು. ಹರಳಿನ ಜೊತೆಗೆ ಕಥೆಯೂ ಹೋಯಿತು, ಬಂತು ಎಂದು ಹೇಳುವ ಧೈರ್ಯ ನನಗಿಲ್ಲ. ಹೇಳಬೇಕಾದ ಅಗತ್ಯವೂ ಇಲ್ಲ. ಇದೇ ಕಥೆ ಅಶೋಕನ ಮಗ ಕುಣಾಲನಿಗೂ ಅಂಟಿಕೊಂಡಿದೆ, ಸಾರಂಗಧರನಿಗೂ ಅಂಟಿಕೊಂಡಿದೆ. ವಯಸ್ಸಾದ ದೊರೆ, ಹರೆಯದ ರಾಣಿ, ಬೆಳೆದ ಮಗ ಒಂದೇ ಅರಮನೆಯಲ್ಲಿದ್ದ ಕಡೆಯಲ್ಲೆಲ್ಲ ಇದು ತಾನಾಗಿಯೇ ಹುಟ್ಟಬಹುದು. ಯಾರು ಯಾರಿಂದ ಪಡೆದರು ಎಂಬುದನ್ನು ಬಿಟ್ಟು, ಒಂದೇ ಇಕ್ಕಟ್ಟನ್ನು ಒಬ್ಬೊಬ್ಬ ಕವಿ ಹೇಗೆ ಹೇಳಿದ, ಯಾರ ಬಾಯಿ ಬಿಡಿಸಿದ, ಯಾರ ಬಾಯಿ ಕಟ್ಟಿದ ಎಂಬುದನ್ನು ನೋಡೋಣ.

ಯೂರಿಪಿಡೀಸ್ ಈ ಕಥೆಯನ್ನು ಎರಡು ಸಲ ನಾಟಕ ಮಾಡಿದ. ಮೊದಲನೆಯದು ಕಳೆದುಹೋಗಿದೆ. ಅದರಲ್ಲಿ ಫೀಡ್ರಾ ನೇರವಾಗಿ ಹಿಪ್ಪಾಲಿಟಸನ ಮುಂದೆ ಆಸೆ ಹೇಳಿಕೊಂಡಳೆಂದೂ ಅಥೆನ್ಸಿನ ಜನಕ್ಕೆ ಅದು ಹಿಡಿಸಲಿಲ್ಲವೆಂದೂ ತಿಳಿದುಬರುತ್ತದೆ. ಕ್ರಿ.ಪೂ. 428ರಲ್ಲಿ ಅವನು ಎರಡನೆಯದನ್ನು ಆಡಿಸಿ ಮೊದಲ ಬಹುಮಾನ ಪಡೆದ. ಉಳಿದಿರುವುದು ಅದು. ಅದರಲ್ಲಿ ಕವಿ ಮಾಡಿದ ಒಂದು ಕೆಲಸವನ್ನು ಗಮನಿಸಿ: ಇಡೀ ನಾಟಕದಲ್ಲಿ ಫೀಡ್ರಾ ಮತ್ತು ಹಿಪ್ಪಾಲಿಟಸ್ ಒಬ್ಬರಿಗೊಬ್ಬರು ಒಂದು ಮಾತನ್ನೂ ಆಡುವುದಿಲ್ಲ. ಪ್ರೇಮದ ನಾಟಕ, ದ್ವೇಷದ ನಾಟಕ, ಸಾವಿನ ನಾಟಕ. ಆದರೂ ಆ ಇಬ್ಬರ ನಡುವೆ ಸಂಭಾಷಣೆಯೇ ಇಲ್ಲ.

ಹಾಗಾದರೆ ಮಾತು ಹೇಗೆ ದಾಟುತ್ತದೆ? ದಾದಿಯ ಮೂಲಕ. ಫೀಡ್ರಾ ಅನ್ನ ಬಿಟ್ಟು ಮಲಗಿದ್ದಾಳೆ, ಬಾಯಿ ಬಿಡುತ್ತಿಲ್ಲ. ದಾದಿ ಕಾಡಿ ಬೇಡಿ ಗುಟ್ಟು ಹೊರಡಿಸುತ್ತಾಳೆ. ಆಮೇಲೆ ಹಿಪ್ಪಾಲಿಟಸನಿಂದ ಯಾರಿಗೂ ಹೇಳುವುದಿಲ್ಲವೆಂದು ಆಣೆ ಮಾಡಿಸಿಕೊಂಡು ಅವನಿಗೆ ವಿಷಯ ತಿಳಿಸುತ್ತಾಳೆ. ಅವನು ಸಿಡಿದೇಳುವುದು ಬಾಗಿಲ ಮರೆಯಲ್ಲಿರುವ ಫೀಡ್ರಾಳ ಕಿವಿಗೆ ಬೀಳುತ್ತದೆ. ಮೇಳದ ಹೆಂಗಸರಿಗೆ ಎಲ್ಲವೂ ಗೊತ್ತು, ಆದರೆ ಅವರೂ ಆಣೆ ಇಟ್ಟು ಬಾಯಿ ಮುಚ್ಚಿದ್ದಾರೆ. ಪ್ರೇಕ್ಷಕರಿಗಂತೂ ಮೊದಲೇ ಗೊತ್ತು. ನಾಟಕ ತೆರೆಯುತ್ತಿದ್ದ ಹಾಗೆ ಅಫ್ರೊಡೈಟಿ ದೇವಿಯೇ ಬಂದು ಇವತ್ತು ಏನು ನಡೆಯುತ್ತದೆಂದು ಹೇಳಿ ಹೋಗಿರುತ್ತಾಳೆ. ಮುಂದೇನು ಎಂಬ ಕುತೂಹಲವನ್ನು ಕವಿ ತಾನೇ ಕೈಯಾರೆ ಬಿಟ್ಟುಕೊಟ್ಟಿದ್ದಾನೆ. ಉಳಿಯುವುದು ಒಂದೇ ಪ್ರಶ್ನೆ: ಗೊತ್ತಿದ್ದವರು ಇಷ್ಟು ಜನ ಇದ್ದೂ ಗೊತ್ತಿಲ್ಲದ ಒಬ್ಬನಿಗೆ, ಅಂದರೆ ದೊರೆ ಥೀಸಿಯಸನಿಗೆ, ನಿಜ ಯಾಕೆ ಮುಟ್ಟುವುದಿಲ್ಲ?

ಥೀಸಿಯಸ್ ಪರಸ್ಥಳದಿಂದ ಮರಳುವಾಗ ಫೀಡ್ರಾ ನೇಣಿಗೆ ಶರಣಾಗಿದ್ದಾಳೆ. ಅವಳ ಕೈಗೆ ಬರೆಯುವ ಹಲಗೆ ಕಟ್ಟಿದೆ. ಮಗ ಬಲಾತ್ಕಾರಕ್ಕೆ ಬಂದನೆಂದು ಅದರಲ್ಲಿ ಬರೆದಿದೆ. ನನ್ನ ಉಪನ್ಯಾಸದ ತಲೆಬರಹ ಆ ಹಲಗೆಯದು. ಸತ್ತವಳನ್ನು ಪಾಟೀಸವಾಲು ಮಾಡುವಂತಿಲ್ಲ. ಹಲಗೆಯನ್ನೂ ಮಾಡುವಂತಿಲ್ಲ. ಬರಹವನ್ನು ಏನು ಕೇಳಿದರೂ ಅದು ಹೇಳಿದ್ದನ್ನೇ ಹೇಳುತ್ತದೆ, ಚಿತ್ರದ ಹಾಗೆ ಸುಮ್ಮನೆ ನಿಂತಿರುತ್ತದೆ ಎಂಬ ದೂರನ್ನು ಪ್ಲೇಟೊ ಮುಂದೆ ‘ಫೀಡ್ರಸ್’ ಸಂವಾದದಲ್ಲಿ ಸಾಕ್ರಟೀಸನ ಬಾಯಲ್ಲಿ ಆಡಿಸುತ್ತಾನೆ. ಯೂರಿಪಿಡೀಸ್ ಆ ದೂರನ್ನು ಅದಕ್ಕೂ ಮೊದಲೇ ರಂಗದ ಮೇಲೆ ತೂಗುಹಾಕಿದ್ದ.

ಈಗ ತಂದೆ ಮಗನ ವಾದ. ಇಲ್ಲಿ ಅಥೆನ್ಸಿನ ನ್ಯಾಯಾಲಯದ ಬಗ್ಗೆ ಎರಡು ಮಾತು ಹೇಳಬೇಕು. ಅಲ್ಲಿ ವಕಾಲತ್ತು ಹಾಕುವ ಪದ್ಧತಿ ಇರಲಿಲ್ಲ. ವಾದಿ ಪ್ರತಿವಾದಿಗಳೇ ನಿಂತು ಮಾತಾಡಬೇಕು. ಕೇಳಿ ತೀರ್ಪು ಕೊಡುವವರು ನೂರಾರು ಜನ ಸಾಮಾನ್ಯ ನಾಗರಿಕರು. ಹೊತ್ತು ಅಳೆಯಲು ನೀರಿನ ಗಡಿಯಾರ. ಮಾತು ಬಾರದವನು ಲಿಸಿಯಾಸನಂಥ ಭಾಷಣ ಬರೆಯುವವನ ಹತ್ತಿರ ಹೋಗಿ ಬರೆಸಿಕೊಂಡು ಬಾಯಿಪಾಠ ಮಾಡಬೇಕು. ಕೇಳಿದವರಿಗೆ ಇದು ಅವನದೇ ಮಾತು ಅನ್ನಿಸುವಂತೆ ಬರೆದುಕೊಡುವುದೇ ಲಿಸಿಯಾಸನ ಹೆಚ್ಚುಗಾರಿಕೆ. ವಾಗ್ಮಿತೆ ಎಂಬುದು ಆ ಊರಲ್ಲಿ ಅಲಂಕಾರವಾಗಿರಲಿಲ್ಲ. ಆಸ್ತಿ, ಮಾನ, ಪ್ರಾಣ ಅದರ ಮೇಲೆ ನಿಂತಿದ್ದವು.

ಹಿಪ್ಪಾಲಿಟಸ್ ತನ್ನ ಸಮರ್ಥನೆಯನ್ನು ಶುರು ಮಾಡುವುದೇ ತಾನು ಗುಂಪಿನ ಮುಂದೆ ಮಾತಾಡಿ ಪಳಗಿದವನಲ್ಲ ಎಂಬ ಪೀಠಿಕೆಯಿಂದ. ‘ನಾನೇನೂ ಭಾಷಣಕಾರನಲ್ಲ’ ಎಂದು ಮೈಕು ಹಿಡಿದವರು ಆಮೇಲೆ ಎಷ್ಟು ಹೊತ್ತು ಬಿಡುವುದಿಲ್ಲ ಎಂಬುದು ಈ ಸಭೆಗೆ ಗೊತ್ತೇ ಇದೆ. ಅಥೆನ್ಸಿನವರಿಗೂ ಗೊತ್ತಿತ್ತು. ಆಮೇಲೆ ಅವನು ಸಂಭವನೀಯತೆಯ ವಾದಗಳನ್ನು ಹೂಡುತ್ತಾನೆ. ಆಕೆಯೇನು ಲೋಕಕ್ಕೆಲ್ಲ ಚೆಲುವೆಯೇ? ಅವಳ ಕೈಹಿಡಿದು ನಿನ್ನ ಮನೆಯನ್ನು ಆಳುವ ಆಸೆ ನನಗೆ ಇತ್ತೇ? ರಾಜನಾಗುವುದರಲ್ಲಿ ಏನು ಸುಖವಿದೆ? ಒಂದೊಂದೂ ನ್ಯಾಯಾಲಯದಲ್ಲಿ ಸವೆದ ವಾದ, ಒಂದೊಂದೂ ತಿರುಗುಬಾಣ. ಹೆಂಡತಿಯ ಹೆಣ ಎದುರಿಗಿಟ್ಟುಕೊಂಡ ಗಂಡನ ಹತ್ತಿರ ಅವಳ ರೂಪದ ಮಾತೆತ್ತುವವನನ್ನು ಯಾರು ನಂಬುತ್ತಾರೆ? ಅವನು ಉಳಿಯಲು ಇಷ್ಟು ತರ್ಕ ಬೇಕಿರಲಿಲ್ಲ. ದಾದಿ ಬಂದು ಹೀಗೆ ಹೇಳಿದಳು ಎಂಬ ಒಂದು ವಾಕ್ಯ ಸಾಕಿತ್ತು. ಆ ವಾಕ್ಯವನ್ನು ಆಣೆ ಕಟ್ಟಿಹಾಕಿದೆ. ನಿಜವನ್ನು ಹೇಳುವಂತಿಲ್ಲದಾಗ ಬಾಯಿಗೆ ಉಳಿಯುವುದು ವಾಗ್ಮಿತೆ ಮಾತ್ರ ಎಂದು ಕವಿ ತೋರಿಸುತ್ತಿದ್ದಾನೆ ಎಂದು ನನಗೆ ಅನ್ನಿಸುತ್ತದೆ.

ಅರಿಸ್ಟಾಟಲ್ ‘ವಾಕ್ಕಲೆ’ಯನ್ನು ಕುರಿತ ಗ್ರಂಥದಲ್ಲಿ ಪ್ರಮಾಣಗಳನ್ನು ಎರಡಾಗಿ ಒಡೆಯುತ್ತಾನೆ. ಭಾಷಣಕಾರ ತಾನೇ ಕಟ್ಟುವವು ಒಂದು ಬಗೆ: ತನ್ನ ಶೀಲದಿಂದ, ಕೇಳುವವರ ಭಾವದಿಂದ, ವಾದದಿಂದ. ಮೊದಲೇ ಕೈಗೆ ಸಿಕ್ಕುವವು ಇನ್ನೊಂದು ಬಗೆ: ಕಾನೂನು, ಸಾಕ್ಷಿ, ಕರಾರು, ಚಿತ್ರಹಿಂಸೆಯ ಹೇಳಿಕೆ, ಆಣೆ. ಮೊದಲ ಬಗೆಯ ಆಯುಧಗಳೆಲ್ಲ ಹಿಪ್ಪಾಲಿಟಸನ ಕೈಯಲ್ಲಿವೆ. ಥೀಸಿಯಸನ ಕೈಯಲ್ಲಿ ಒಂದು ಹಲಗೆ. ಹಲಗೆ ಗೆಲ್ಲುತ್ತದೆ. ಅದೇ ಗ್ರಂಥದಲ್ಲಿ ಅರಿಸ್ಟಾಟಲ್ ಒಂದು ಸ್ವಾರಸ್ಯವನ್ನೂ ದಾಖಲಿಸಿದ್ದಾನೆ. ಹೈಜಿಯನಾನ್ ಎಂಬಾತ ನಿಜವಾದ ಮೊಕದ್ದಮೆಯೊಂದರಲ್ಲಿ, ಹಿಪ್ಪಾಲಿಟಸ್ ಆಣೆಯನ್ನು ಹಗುರ ಮಾಡಿ ಆಡಿದ ಒಂದು ಸಾಲನ್ನು ಹಿಡಿದು, ಇಂಥದ್ದನ್ನು ಬರೆದ ಯೂರಿಪಿಡೀಸ್ ಸುಳ್ಳಾಣೆಗೆ ಕುಮ್ಮಕ್ಕು ಕೊಡುವವನೆಂದು ಆಪಾದಿಸಿದನಂತೆ. ನಾಟಕದ ಸ್ಪರ್ಧೆಯಲ್ಲಿ ಇತ್ಯರ್ಥವಾಗಬೇಕಾದುದನ್ನು ನ್ಯಾಯಾಲಯಕ್ಕೆ ಎಳೆಯುವುದು ತಪ್ಪು ಎಂದು ಕವಿ ಉತ್ತರ ಕೊಟ್ಟ. ಪಾತ್ರದ ಬಾಯಿಯ ಮಾತಿಗೆ ಲೇಖಕನನ್ನು ಕಟಕಟೆಗೆ ಎಳೆಯುವುದು ಇಂದು ನಿನ್ನೆಯದಲ್ಲ. ಆ ಸಾಲನ್ನು ಆಡಿದವನು ಕೊನೆಗೂ ಆಣೆ ಮುರಿಯಲಿಲ್ಲ, ಅದರಿಂದಲೇ ಸತ್ತ ಎಂಬುದನ್ನು ಹೈಜಿಯನಾನ್ ಮರೆತಿದ್ದ.

ಯೂರಿಪಿಡೀಸನಿಂದ ಸುಮಾರು ನಾನೂರು ವರ್ಷ ದಾಟಿ ರೋಮಿಗೆ ಬಂದರೆ ಓವಿಡ್ ಇದೇ ಫೀಡ್ರಾಳಿಂದ ಹಿಪ್ಪಾಲಿಟಸನಿಗೆ ಒಂದು ಓಲೆ ಬರೆಸುತ್ತಾನೆ. ಅಪವಾದದ ಹಲಗೆ ಅಲ್ಲ, ಬಿನ್ನವತ್ತಳೆ. ಕ್ರಿ.ಶ. 65ರಲ್ಲಿ ತೀರಿಕೊಂಡ ಸೆನೆಕಾ ಇನ್ನೂ ಮುಂದೆ ಹೋಗಿ ಅವಳನ್ನು ಅವನೆದುರೇ ನಿಲ್ಲಿಸಿ ಮಾತಾಡಿಸುತ್ತಾನೆ. ಅಸಹ್ಯದಿಂದ ಕತ್ತಿ ಹಿರಿದ ಹಿಪ್ಪಾಲಿಟಸ್ ಅದನ್ನು ಅಲ್ಲೇ ಎಸೆದು ಕಾಡಿಗೆ ಓಡುತ್ತಾನೆ. ಆ ಕತ್ತಿಯೇ ಸಾಕ್ಷಿಯಾಗುತ್ತದೆ, ಕಡೆಗೆ ಅದೇ ಫೀಡ್ರಾಳ ಎದೆಗೂ ಇಳಿಯುತ್ತದೆ. ರೋಮಿನ ಹುಡುಗರು ಕಲ್ಪಿತ ಮೊಕದ್ದಮೆಗಳಿಗೆ ಎರಡೂ ಕಡೆ ವಾದಿಸಿ ಕಲಿಯುತ್ತಿದ್ದರು. ಅಂಥ ವಾದಗಳನ್ನು ಸಂಗ್ರಹಿಸಿಟ್ಟವನು ಈ ಸೆನೆಕಾನ ತಂದೆ. ಮಗನ ನಾಟಕದಲ್ಲಿ ಆ ಶಾಲೆಯ ವಾಸನೆ ಇದೆ. ಪ್ರತಿ ಪಾತ್ರಕ್ಕೂ ಚುರುಕಾದ ನುಡಿಗಟ್ಟು, ಪ್ರತಿ ಭಾವಕ್ಕೂ ಪೂರ್ಣ ಪ್ರಮಾಣದ ಭಾಷಣ. ಇವನ್ನು ಆಡುವುದಕ್ಕೆ ಬರೆದನೋ ಓದಿಸುವುದಕ್ಕೋ ಎಂಬ ಚರ್ಚೆ ಇನ್ನೂ ತೀರಿಲ್ಲ. ನನ್ನ ರುಚಿಗೆ ಸೆನೆಕಾ ಮಾತು ಜಾಸ್ತಿ ಮಾಡಿದ. ಆದರೂ ಫೀಡ್ರಾ ತನ್ನ ಬಾಯಿಂದಲೇ ತಪ್ಪೊಪ್ಪಿಕೊಂಡು ಸಾಯುವ ಗಟ್ಟಿತನ ಅವನು ಕೊಟ್ಟದ್ದು.

ಈಗ ನಂಜುಂಡನ ಹತ್ತಿರ ಬರೋಣ. ಕುಮಾರರಾಮನ ತಂದೆ ಕಂಪಿಲರಾಯ ಬೇಟೆಗೆ ಹೋಗಿದ್ದಾನೆ. ಕುಮಾರರಾಮ ಗೆಳೆಯರೊಡನೆ ಚೆಂಡಾಡುತ್ತಾನೆ. ಚೆಂಡು ರತ್ನಾಜಿಯ ಅರಮನೆಯೊಳಗೆ ಬೀಳುತ್ತದೆ. ತರಲು ಅವನೇ ಹೋಗುತ್ತಾನೆ. ಮುಂದಿನದು ನಿಮಗೆ ಗೊತ್ತು. ಇಲ್ಲಿ ದಾದಿಯ ಮಧ್ಯಸ್ಥಿಕೆ ಬೇಕಾಗುವುದಿಲ್ಲ, ಯಾಕೆಂದರೆ ಇದು ನಾಟಕವಲ್ಲ, ಸಾಂಗತ್ಯ. ನಾಲ್ಕು ಸಾಲಿನ ಪದ್ಯಗಳಲ್ಲಿ ಹಾಡಿಕೊಂಡು ಹೋಗುವ ಕವಿ ರಾಣಿಯ ಮನಸ್ಸಿನೊಳಕ್ಕೂ ಇಳಿಯಬಲ್ಲ, ಕೋಟೆಯ ಹೊರಕ್ಕೂ ಹಾರಬಲ್ಲ. ನಿರೂಪಣೆ ಮತ್ತು ಅನುಕರಣೆ ಎಂಬ ಈ ವ್ಯತ್ಯಾಸವನ್ನು ಪ್ಲೇಟೊ ‘ಗಣರಾಜ್ಯ’ದ ಮೂರನೆಯ ಭಾಗದಲ್ಲಿ ಒಂದು ಪ್ರಯೋಗ ಮಾಡಿ ತೋರಿಸಿದ್ದಾನೆ. ‘ಇಲಿಯಡ್’ನ ಆರಂಭದಲ್ಲಿ ಪೂಜಾರಿ ಕ್ರೈಸೀಸ್ ಮಗಳನ್ನು ಬಿಡಿಸಿಕೊಳ್ಳಲು ಬಂದು ಅವಮಾನಪಡುವ ಸನ್ನಿವೇಶವಿದೆ. ಸಾಕ್ರಟೀಸ್ ಅದರಲ್ಲಿನ ನೇರ ಮಾತುಗಳನ್ನೆಲ್ಲ ತೆಗೆದು ಬರಿಯ ವರದಿ ಮಾಡಿ ಒಪ್ಪಿಸುತ್ತಾನೆ. ಘಟನೆ ಹಾಗೇ ಇದೆ, ಕಾವ್ಯ ಮಾತ್ರ ಹೋಯಿತು. ಮೇಷ್ಟ್ರುಗಳು ತರಗತಿಯಲ್ಲಿ ಮಾಡಿಸಬಹುದಾದ ಒಳ್ಳೆಯ ಅಭ್ಯಾಸ ಇದು.

ನಿರೂಪಣೆ, ಅನುಕರಣೆಗಳ ನಡುವೆ ಸಲೀಸಾಗಿ ಓಡಾಡುವವರನ್ನು ಕೇಳಬೇಕಾದರೆ ಕೆ.ಆರ್. ನಗರ ಸೀಮೆಯ ಕಪ್ಪಡಿ ಜಾತ್ರೆಗೆ ಹೋಗಿ. ಮಂಟೇಸ್ವಾಮಿ ಪರಂಪರೆಯ ನೀಲಗಾರರು ತಂಬೂರಿ ಮೀಟುತ್ತ ಕಥೆ ಹೇಳುತ್ತಿದ್ದವರು ಯಾವ ಸೂಚನೆಯೂ ಇಲ್ಲದೆ ಪಾತ್ರವೇ ಆಗಿಬಿಡುತ್ತಾರೆ. ಮರುಕಳಿಸುವ ವಿಶೇಷಣಗಳು, ಹಿಮ್ಮೇಳ ಎತ್ತಿಕೊಳ್ಳುವ ಪಲ್ಲವಿಗಳು ಹಾಡುಗಾರನಿಗೆ ಮುಂದಿನ ಸಾಲಿಗೆ ಬಿಡುವು ಕೊಡುತ್ತವೆ. ಮಿಲ್ಮನ್ ಪ್ಯಾರಿ 1933ರಿಂದ 1935ರವರೆಗೆ ಯುಗೊಸ್ಲಾವಿಯದ ಹಾಡುಗಾರರನ್ನು ಧ್ವನಿಮುದ್ರಿಸಿ, ಹೋಮರನ ಕಾವ್ಯಗಳ ಪುನರುಕ್ತಿ ಬಾಯಲ್ಲಿ ಕಟ್ಟುವ ಕಾವ್ಯದ ಕಸುಬು ಎಂದು ತೋರಿಸಿಕೊಟ್ಟ. ಅವನು ಇಲ್ಲಿಗೆ ಬಂದಿದ್ದರೆ ಅವನ ಕೆಲಸ ಇನ್ನಷ್ಟು ಸುಲಭವಾಗುತ್ತಿತ್ತು.

ಮತ್ತೆ ಕಥೆಗೆ. ಕುಮಾರರಾಮನ ಬಾಯಿಗೆ ಆಣೆಯ ಬೀಗವಿಲ್ಲ. ಅವನನ್ನು ಕಟ್ಟಿರುವುದು ‘ಪರನಾರೀ ಸಹೋದರ’ ಎಂಬ ಬಿರುದು. ಕಂಪಿಲ ರಾಣಿಯ ಮಾತು ನಂಬಿ ಮಗನ ತಲೆ ತರಲು ಅಪ್ಪಣೆ ಮಾಡುತ್ತಾನೆ. ಇಲ್ಲಿ ಕನ್ನಡದ ಕಥೆ ಗ್ರೀಕಿನಿಂದ ಪೂರ್ತಿ ಬೇರೆ ದಾರಿ ಹಿಡಿಯುತ್ತದೆ. ಮಂತ್ರಿ ಬೈಚಪ್ಪ ವಾದ ಮಾಡುವುದಿಲ್ಲ. ದೊರೆಯ ಮುಂದೆ ವಾಗ್ಮಿತೆ ನಡೆಯದೆಂದು ಅವನಿಗೆ ಗೊತ್ತು. ರಾಮನನ್ನೂ ಗೆಳೆಯರನ್ನೂ ನೆಲಮಾಳಿಗೆಯಲ್ಲಿ ಅಡಗಿಸಿ ಬೇರೆ ತಲೆಗಳನ್ನು ತೋರಿಸುತ್ತಾನೆ. ಸುಳ್ಳು ಆಪಾದನೆಗೆ ಸುಳ್ಳು ಸಾಕ್ಷಿಯೇ ಮದ್ದು. ಹಲಗೆ, ಕತ್ತಿ, ತಲೆ: ಮೂವರು ಕವಿಗಳೂ ಮನುಷ್ಯರ ಬಾಯಿ ಕಟ್ಟಿ ವಸ್ತುವಿನ ಕೈಯಲ್ಲಿ ಸಾಕ್ಷಿ ಹೇಳಿಸಿದರು. ಆದರೆ ಮೊದಲೆರಡು ಕೊಲ್ಲುವ ಸಾಕ್ಷಿಗಳು. ನಮ್ಮದು ಉಳಿಸುವ ಸಾಕ್ಷಿ. ಹೀಗೆ ಉಳಿದವನು ದಿಲ್ಲಿಯ ಸೇನೆ ಬಂದಾಗ ನೆಲಮಾಳಿಗೆಯಿಂದ ಎದ್ದು ಬಂದು ತನ್ನನ್ನು ಕೊಲ್ಲಿಸಲು ಹೊರಟ ತಂದೆಗಾಗಿಯೇ ಕಾದುತ್ತಾನೆ. ಕಡೆಗೆ ಬೀಳುವ ತಲೆ ಮಾತ್ರ ನಿಜವಾದದ್ದು. ಚರಿತ್ರೆಯಲ್ಲಿ ಕಂಪಿಲಿ ರಾಜ್ಯ ಬಿದ್ದದ್ದು ಮುಹಮ್ಮದ್ ಬಿನ್ ತುಘಲಕನ ಸೇನೆಯ ಕೈಯಲ್ಲಿ, 1327ರ ಸುಮಾರಿಗೆ. ಇನ್ನೂರು ವರ್ಷದ ಮೇಲೆ ನಂಜುಂಡ ಅದನ್ನು ಹಾಡುವಾಗ ಸೋಲಿಗಿಂತ ಶೀಲ ದೊಡ್ಡದಾಗಿತ್ತು.

ಸತ್ತ ಮೇಲಿನ ಪೂಜೆಯಲ್ಲೂ ಹಿಪ್ಪಾಲಿಟಸ್ ಮತ್ತು ಕುಮಾರರಾಮ ಸೋದರರು. ಟ್ರೋಯಿಜೆನ್‌ನಲ್ಲಿ ಮದುವೆಗೆ ಮುಂಚೆ ಹುಡುಗಿಯರು ಹಿಪ್ಪಾಲಿಟಸನಿಗೆ ಮುಡಿ ಕತ್ತರಿಸಿ ಒಪ್ಪಿಸುತ್ತಿದ್ದರೆಂದು ಪ್ರವಾಸಿ ಪೌಸೇನಿಯಸ್ ಬರೆದಿದ್ದಾನೆ. ಇದು ಟ್ರಾಯ್ ಅಲ್ಲ, ದಕ್ಷಿಣ ಗ್ರೀಸಿನ ಬೇರೊಂದು ಊರು. ಇಲ್ಲಿ ಕುಮ್ಮಟದುರ್ಗದ ಕಡೆ ಕುಮಾರರಾಮನ ಮರದ ತಲೆಗಳಿಗೆ ಪೂಜೆ ನಡೆಯುತ್ತದೆ.

ಇದೇ ಚಂಗಾಳ್ವ ನಾಡಿನ ಇನ್ನೊಬ್ಬನನ್ನು ಹೆಸರಿಸದೆ ಹೋದರೆ ಹುಣಸೂರಿನವರು ಬಿಡುವುದಿಲ್ಲ. ಕಲ್ಲಹಳ್ಳಿಯ ಪ್ರಭು ಮೂರನೆಯ ಮಂಗರಸ ಅಡುಗೆಯ ಮೇಲೆ ‘ಸೂಪಶಾಸ್ತ್ರ’ ಬರೆದ ಕವಿ. 1508ರ ಸುಮಾರಿನ ಅವನ ‘ಸಮ್ಯಕ್ತ್ವಕೌಮುದಿ’ಯ ಕಥೆ ಜೈನರಲ್ಲಿ ಹಳೆಯದು. ಕೌಮುದಿ ಹಬ್ಬದ ರಾತ್ರಿ ವರ್ತಕ ಅರ್ಹದ್ದಾಸ ಮತ್ತು ಅವನ ಹೆಂಡತಿಯರು ತಮಗೆ ಧರ್ಮದಲ್ಲಿ ನಂಬಿಕೆ ಹುಟ್ಟಿದ ಬಗೆಯನ್ನು ಒಬ್ಬೊಬ್ಬರಾಗಿ ಹೇಳುತ್ತಾರೆ. ಮರೆಯಲ್ಲಿ ರಾಜ, ಮಂತ್ರಿ ಮತ್ತು ಒಬ್ಬ ಕಳ್ಳ ಕೇಳಿಸಿಕೊಳ್ಳುತ್ತಿದ್ದಾರೆ. ಪ್ರತಿ ಕಥೆ ಮುಗಿದಾಗಲೂ ಕಿರಿಯ ಹೆಂಡತಿ ಕುಂದಲತೆ ‘ಇದೆಲ್ಲ ಸುಳ್ಳು, ನಾನು ನಂಬೆ’ ಎನ್ನುತ್ತಾಳೆ. ನಡೆದದ್ದನ್ನು ಬಲ್ಲ ರಾಜ ಹೊರಗೆ ಹಲ್ಲು ಕಡಿಯುತ್ತಾನೆ.

ಕ್ರಿ.ಶ. 2ನೆಯ ಶತಮಾನದಲ್ಲಿ ಉತ್ತರ ಆಫ್ರಿಕದ ಅಪುಲಿಯಸ್ ಲ್ಯಾಟಿನ್ನಿನಲ್ಲಿ ಬರೆದ, ಕತ್ತೆಯಾದ ಮನುಷ್ಯನ ಕಾದಂಬರಿಯೂ ಕಥೆಯೊಳಗೆ ಕಥೆ ಪೋಣಿಸಿದ್ದು. ಕಳ್ಳರ ಗವಿಯಲ್ಲಿ ಮುದುಕಿಯೊಬ್ಬಳು ಸೆರೆಸಿಕ್ಕ ಹುಡುಗಿಗೆ ಕ್ಯುಪಿಡ್ ಮತ್ತು ಸೈಕೀಯರ ಕಥೆ ಹೇಳುವಾಗ ಕಿವಿಗೊಟ್ಟು ನಿಂತವನು ಆ ಕತ್ತೆಯೇ. ಮೊದಲ ಅಧ್ಯಾಯದಲ್ಲೇ ಅರಿಸ್ಟೊಮೀನೀಸ್ ಮಾಟದ ಕಥೆ ಹೇಳುತ್ತ ನಡೆಯುವಾಗ ಜೊತೆಗಾರನೊಬ್ಬ ಸುಳ್ಳೆಂದು ನಗುತ್ತಾನೆ. ಮಂಗರಸನೂ ಅಪುಲಿಯಸನೂ ಓದುಗನ ಅನುಮಾನವನ್ನು ಓದುಗನಿಗಿಂತ ಮೊದಲು ಕಥೆಯೊಳಗಿನ ಒಬ್ಬರ ಬಾಯಲ್ಲಿ ಆಡಿಸಿ ಅದರ ಹಲ್ಲು ಕೀಳುತ್ತಾರೆ. ಅಪುಲಿಯಸನಿಗೆ ಸುಳ್ಳು ಆಪಾದನೆಯ ಸ್ವಂತ ಅನುಭವವೂ ಇತ್ತು. ಶ್ರೀಮಂತ ವಿಧವೆ ಪುಡೆಂಟಿಲ್ಲಾಳನ್ನು ಮಾಟದಿಂದ ಮದುವೆಯಾದನೆಂದು ಅವನ ಮೇಲೆ ಮೊಕದ್ದಮೆ ಹೂಡಿದರು. ಎದುರಾಳಿಗಳು ಅವಳ ಪತ್ರದ ಒಂದು ವಾಕ್ಯವನ್ನು ಕಿತ್ತು ತೋರಿಸಿದ್ದರು. ಅವನು ಅದರ ಹಿಂದು ಮುಂದನ್ನೂ ಓದಿಸಿದ. ಅರ್ಥ ತಿರುಗಿ ನಿಂತಿತು. ಫೀಡ್ರಾಳ ಹಲಗೆಯನ್ನು ಯಾರೂ ಹೀಗೆ ಓದಿಸಲಿಲ್ಲ.

ಕಡೆಗೆ ಒಂದು ಬೇಡಿಕೆ. ಬಿ.ಎಂ.ಶ್ರೀ. 1929ರಲ್ಲಿ ಸೋಫೋಕ್ಲೀಸನ ‘ಏಜಾಕ್ಸ್’ ನಾಟಕದ ಎರಕಕ್ಕೆ ಮಹಾಭಾರತದ ಅಶ್ವತ್ಥಾಮನನ್ನು ಹೊಯ್ದು ‘ಅಶ್ವತ್ಥಾಮನ್’ ಬರೆದರು. 1935ರಲ್ಲಿ ಈಸ್ಕಿಲಸನ ನಾಟಕವನ್ನು ‘ಪಾರಸಿಕರು’ ಎಂದು ತಂದರು. ಹಾಗೆ ಕುಮಾರರಾಮನನ್ನು ಯೂರಿಪಿಡೀಸನ ಕಟ್ಟಿನಲ್ಲಿ ಯಾರಾದರೂ ಬರೆಯಬೇಕು, ಪಿರಿಯಾಪಟ್ಟಣ, ಹುಣಸೂರು, ಕೆ.ಆರ್. ನಗರ, ಎಚ್.ಡಿ. ಕೋಟೆ ಈ ನಾಲ್ಕು ತಾಲ್ಲೂಕಿನವರು ಆಡಬೇಕು. ನಿಮ್ಮ ಹಳ್ಳಿಗಳಲ್ಲಿ ‘ಕುರುಕ್ಷೇತ್ರ’ ಆಡುವಾಗ ಪಾತ್ರಕ್ಕೆ ಇಷ್ಟೆಂದು ಹಣ ಕಟ್ಟುತ್ತೀರಿ. ದುರ್ಯೋಧನನಿಗೂ ಕೃಷ್ಣನಿಗೂ ಪೈಪೋಟಿ. ಸುದ್ದಿ ತರುವ ಚಾರನ ವೇಷ ಮಾತ್ರ ಯಾರ ಪಾಲಿಗಾದರೂ ಬೀಳುತ್ತದೆ.

ಯೂರಿಪಿಡೀಸನಲ್ಲಿ ಲೆಕ್ಕ ಬೇರೆ. ಮೂವರೇ ನಟರು ಎಲ್ಲ ಪಾತ್ರಗಳನ್ನೂ ಹಂಚಿಕೊಳ್ಳಬೇಕು. ಕಡಲಿನಿಂದ ಗೂಳಿ ಎದ್ದದ್ದು, ಕುದುರೆಗಳು ಬೆದರಿದ್ದು, ಲಗಾಮಿನಲ್ಲಿ ಸಿಕ್ಕಿ ಹಿಪ್ಪಾಲಿಟಸ್ ಬಂಡೆಗೆ ಬಡಿದದ್ದು, ಇದು ಯಾವುದೂ ರಂಗದ ಮೇಲೆ ನಡೆಯುವುದಿಲ್ಲ. ಅವನ ಆಳೊಬ್ಬ ಬಂದು ಸುಮಾರು 80 ಸಾಲಿನಲ್ಲಿ ಹೇಳುತ್ತಾನೆ. ಅಥೆನ್ಸಿನ ಕಾನೂನಿನಲ್ಲಿ ಗುಲಾಮನ ಸಾಕ್ಷ್ಯ ನ್ಯಾಯಾಲಯಕ್ಕೆ ಬರಬೇಕಾದರೆ ಅವನನ್ನು ಹಿಂಸಿಸಿ ಹೇಳಿಸಿರಬೇಕಿತ್ತು. ಇಲ್ಲಿ ಅಂಥವನೊಬ್ಬ ಯಾರೂ ಹಿಂಸಿಸದೆ, ಯಾರೂ ಕೇಳದೆ, ದೊರೆಯ ಮುಖಕ್ಕೇ ಹೇಳುತ್ತಾನೆ: ಎಷ್ಟು ಬರಹ ತೋರಿಸಿದರೂ ನಿನ್ನ ಮಗ ಕೆಟ್ಟವನೆಂದು ನಾನು ನಂಬುವುದಿಲ್ಲ. ಆಣೆಗೆ, ಹಲಗೆಗೆ, ತರ್ಕಕ್ಕೆ ಬಗ್ಗದ ಮಾತು ಇಡೀ ನಾಟಕದಲ್ಲಿ ಅದೊಂದೇ. ಪಾತ್ರ ಹಂಚುವ ಹಾರ್ಮೋನಿಯಂ ಮೇಷ್ಟ್ರು ಈ ಸಭೆಯಲ್ಲಿದ್ದರೆ, ಆ ಆಳಿನ ಪಾತ್ರಕ್ಕೆ ಎಲ್ಲಕ್ಕಿಂತ ಹೆಚ್ಚು ಹಣ ಕಟ್ಟಿಸಿಕೊಳ್ಳಿ.